ನಾಲ್ಕನೇ ಷರತ್ತು

ಪಾಂಡವಪುರದ ನ್ಯಾಯಾಲಯದ ಗುಮಾಸ್ತರು ಷರತ್ತುಗಳನ್ನು ಓದುವಾಗ ಎದುರಿಗೆ ನಿಂತವರ ಮುಖ ನೋಡುತ್ತಿರಲಿಲ್ಲ. ಹಾಳೆಯ ಮೇಲೆ ಬೆರಳಿಟ್ಟು, ಒಂದು ಸಾಲು ಮುಗಿದಾಗ ಬೆರಳನ್ನು ಕೆಳಕ್ಕೆ ಸರಿಸಿ, ಮುಂದಿನದನ್ನೂ ಅದೇ ಧ್ವನಿಯಲ್ಲಿ ಓದುತ್ತಿದ್ದರು. ಅಪಘಾತದ ಕೇಸಿನಲ್ಲಿ ವಶಪಡಿಸಿಕೊಂಡ ಟ್ರ್ಯಾಕ್ಟರು ಮತ್ತು ಟ್ರೈಲರನ್ನು ಮಾಲೀಕ ಚಿಕ್ಕಸ್ವಾಮಿಗೆ ಮಧ್ಯಂತರವಾಗಿ ಬಿಟ್ಟುಕೊಡಲಾಗಿದೆ. ಕರೆದಾಗ ಹಾಜರುಪಡಿಸಬೇಕು, ಹದಿನೈದು ದಿನಕ್ಕೊಮ್ಮೆ ಠಾಣೆಗೆ ತಂದು ತೋರಿಸಬೇಕು. ಕೇಸು ಮುಗಿಯುವ ತನಕ ಮಾರಬಾರದು. ತಾಲ್ಲೂಕು ಬಿಟ್ಟು ಹೊರಗೆ ಒಯ್ಯಬಾರದು. ನಾಲ್ಕನೆಯದು, ವಾಹನದ ಬಣ್ಣ, ಆಕಾರ, ಬರಹ ಯಾವುದನ್ನೂ ನ್ಯಾಯಾಲಯದ ಅನುಮತಿಯಿಲ್ಲದೆ ಬದಲಾಯಿಸಬಾರದು. ಲಗತ್ತಿಸಿದ ಫೋಟೋದಲ್ಲಿ ಹೇಗಿದೆಯೋ ಹಾಗೆಯೇ ಇರಬೇಕು.

"ಜಾಮೀನುದಾರರು ಯಾರು?"

"ನಾನೇ ಸಾ," ಎಂದು ಕುಳ್ಳಯ್ಯ ಎರಡು ಹೆಜ್ಜೆ ಮುಂದೆ ಬಂದ.

"ಕೇಳಿಸ್ಕೊಂಡ್ರಾ? ಇವರು ತಪ್ಪಿದರೆ ನೀವು ಹೊಣೆ."

"ಕೇಳಿಸ್ಕಂಡೆ."

ಸಹಿ ಮಾಡಲು ಬಗ್ಗಿದಾಗ ಫೋಟೋ ಕಣ್ಣಿಗೆ ಬಿತ್ತು. ಟ್ರೈಲರಿನ ಹಿಂಬದಿಯ ಬೋರ್ಡು. ನೀಲಿ ಹಿನ್ನೆಲೆಯಲ್ಲಿ ಹಳದಿ ಅಕ್ಷರ, 'ದೊಡ್ಡತಾಯಮ್ಮ'. ಚಿಕ್ಕಸ್ವಾಮಿಯ ತೀರಿಹೋದ ತಾಯಿಯ ಹೆಸರು. ಅದರ ಕೆಳಗೆ ಈ ತುದಿಯಿಂದ ಆ ತುದಿಯವರೆಗೆ ಎರಡಿಂಚು ಅಗಲದ ಪಟ್ಟಿ: ಕೆಂಪು, ಬಿಳಿ, ಕೆಂಪು, ಬಿಳಿ. ಎಡಮೂಲೆಯಲ್ಲಿ ಮಾತ್ರ ಬೈಕು ಗುದ್ದಿ ತಗಡು ಒಳಕ್ಕೆ ಹೋಗಿತ್ತು. ಫೋಟೋ ನೋಡಿದ ಯಾರೇ ಆದರೂ ರೇಡಿಯಂ ಪಟ್ಟಿ ಚೆನ್ನಾಗಿಯೇ ಇದೆ ಎನ್ನುತ್ತಿದ್ದರು. ಎಲ್ಲರೂ ಹಾಗೆಯೇ ಅಂದಿದ್ದರು. ಅದು ರೇಡಿಯಂ ಅಲ್ಲ ಎನ್ನುವುದು ಆ ಕೋಣೆಯಲ್ಲಿ ಕುಳ್ಳಯ್ಯನೊಬ್ಬನಿಗೇ ಗೊತ್ತಿತ್ತು. ಅವನು ಸಹಿ ಹಾಕಿದ. ಅವನ ಸಹಿಯೂ ಬೋರ್ಡಿನ ಅಕ್ಷರದಂತೆ ದುಂಡಗೆ, ಒಂದೇ ಎತ್ತರಕ್ಕೆ ಇರುತ್ತಿತ್ತು.

ಕುಳ್ಳಯ್ಯನಿಗೆ ಐವತ್ತಾರು. ಆಳು ಆರಡಿಗೆ ಒಂದಿಂಚು ಕಮ್ಮಿ. ಹೆಸರು ಕೇಳಿ ಹೊಸಬರು ನಕ್ಕರೆ ಅವನೂ ನಗುತ್ತಿದ್ದ. ಪಾಂಡವಪುರದಿಂದ ಶ್ರೀರಂಗಪಟ್ಟಣದ ಕಡೆಗೆ ಹೋಗುವ ರಸ್ತೆಯಲ್ಲಿ ಶೀಟಿನ ಒಂದು ಅಂಗಡಿ, ಮುಂದೆ ಎರಡು ಟ್ರ್ಯಾಕ್ಟರು ನಿಲ್ಲುವಷ್ಟು ಜಾಗ. ಒಂದು ಕಾಲದಲ್ಲಿ ಊರಿನ ಅರ್ಧ ಅಂಗಡಿಗಳ ಬೋರ್ಡು ಅವನ ಕೈಯದೇ ಆಗಿತ್ತು. ಫ್ಲೆಕ್ಸು ಬಂದ ಮೇಲೆ ಅಂಗಡಿ, ಹೋಟೆಲು, ಚುನಾವಣೆಯ ಗೋಡೆ ಎಲ್ಲವೂ ಕೈತಪ್ಪಿದವು. ಉಳಿದದ್ದು ಟ್ರ್ಯಾಕ್ಟರು, ಟ್ರೈಲರು, ಗೂಡ್ಸ್ ಆಟೋ. ಅಲುಗಾಡುವ ತಗಡಿನ ಮೇಲೆ ಫ್ಲೆಕ್ಸು ನಿಲ್ಲುವುದಿಲ್ಲ, ಬಣ್ಣ ನಿಲ್ಲುತ್ತದೆ. ಅವನು ಅಚ್ಚು ಇಟ್ಟು ಬರೆಯುತ್ತಿರಲಿಲ್ಲ. ಸುಣ್ಣ ಹಚ್ಚಿದ ದಾರವನ್ನು ಎಳೆದು ಹಿಡಿದು ಮೀಟಿದರೆ ಒಂದು ಗೆರೆ. ಅದರ ಕೆಳಗೆ ಇನ್ನೊಂದು. ಎರಡು ಗೆರೆಗಳ ನಡುವೆ ಅಕ್ಷರ ನಿಲ್ಲಿಸಿ, ಒತ್ತು ಎಲ್ಲಿಗೆ ಬರುತ್ತದೆ ಎಂದು ಮೊದಲೇ ಅಳೆದು, ಆಮೇಲೆ ಬ್ರಷ್ ಅದ್ದುತ್ತಿದ್ದ. ಬರೆದ ಮೇಲೆ ಹತ್ತು ಹೆಜ್ಜೆ ಹಿಂದೆ ಹೋಗಿ ಒಂದು ಕಣ್ಣು ಮುಚ್ಚಿ ನೋಡುವುದು ಅವನ ಕ್ರಮ. ಆಗ ತಪ್ಪಿದ್ದರೆ ಕಂಡೇ ಕಾಣುತ್ತದೆ ಎಂದು ನಂಬಿದ್ದ.

ಚಿಕ್ಕಸ್ವಾಮಿ ಮತ್ತು ಅವನು ಪ್ರೈಮರಿ ಸ್ಕೂಲಿನಲ್ಲಿ ಒಂದೇ ಬೆಂಚು. ಚಿಕ್ಕಸ್ವಾಮಿಗೆ ಮೂರು ಎಕರೆ ಕಬ್ಬು, ಎರಡು ಹಸು, ಒಂದು ಟ್ರ್ಯಾಕ್ಟರು. ತನ್ನ ಕಬ್ಬು ಮುಗಿದ ಮೇಲೆ ಬೇರೆಯವರ ಕಬ್ಬನ್ನು ಬಾಡಿಗೆಗೆ ಆಲೆಮನೆಗಳಿಗೆ ಹೊಡೆಯುತ್ತಿದ್ದ. ಗಾಡಿ ಓಡಿಸುವವನು ಮಗ ಲೋಕೇಶ. ಹೋದ ಆಯುಧಪೂಜೆಯ ಹಿಂದಿನ ದಿನ ಚಿಕ್ಕಸ್ವಾಮಿ ಟ್ರೈಲರು ತಂದು ಅಂಗಡಿಯ ಮುಂದೆ ನಿಲ್ಲಿಸಿ, "ಅವ್ವನ ಹೆಸ್ರು ಬರ್ಕೊಡ್ಲಾ. ಗೇಣುದ್ದ ಇರ್ಬೇಕು ಅಕ್ಷರ. ನಾಳೆ ಬೆಳಿಗ್ಗೆ ಪೂಜೆ," ಅಂದಿದ್ದ.

ಹೆಸರು ಬರೆದದ್ದಾಯಿತು. ಕೆಳಗಿನ ರೇಡಿಯಂ ಪಟ್ಟಿ ಮಾತ್ರ ಹಳತಾಗಿ ಕೆಸರು ಹಿಡಿದು, ಮೂರು ಕಡೆ ಎದ್ದು, ಹೊಸ ಹೆಸರಿನ ಕೆಳಗೆ ಹರಿದ ಸೀರೆಯ ಅಂಚಿನ ಹಾಗೆ ಕಾಣುತ್ತಿತ್ತು. ಟೇಪು ಮಾರುವ ಅಂಗಡಿ ಹಬ್ಬಕ್ಕೆ ಬಾಗಿಲು ಹಾಕಿತ್ತು. ಸದ್ಯಕ್ಕೆ ಬಣ್ಣ ಬಳಿಯೋಣ, ಹಬ್ಬ ಕಳೆದ ಮೇಲೆ ಟೇಪು ಅಂಟಿಸಿದರಾಯಿತು ಎಂದುಕೊಂಡ ಕುಳ್ಳಯ್ಯ. ಎದ್ದ ತುದಿಗಳನ್ನು ಒತ್ತಿ ಕೂರಿಸಿ, ಹಳೆಯ ಪಟ್ಟಿಯ ಮೇಲೆಯೇ ಕೆಂಪು ಬಿಳಿ ಎನಾಮೆಲ್ ಎರಡು ಕೋಟು ಕೊಟ್ಟ. ಅಳತೆ ಎಷ್ಟು ಕರಾರುವಾಕ್ಕಾಗಿತ್ತೆಂದರೆ ಮಾರನೆಯ ದಿನ ಚಿಕ್ಕಸ್ವಾಮಿ ಅದನ್ನು ನೋಡಿ, "ಓಹೋ, ಹೊಸಾ ರೇಡಿಯಂನೂ ಹಾಕ್ಬುಟ್ಟಿದ್ದೀಯಲ್ಲಾ! ಭೇಷ್ ಕಣ್ಲಾ!" ಎಂದು ಬೆನ್ನು ತಟ್ಟಿದ.

ಅಲ್ಲ ಎನ್ನಬೇಕಿತ್ತು. ಒಂದೇ ಮಾತು. ತನ್ನ ಬಣ್ಣ ಟೇಪನ್ನೇ ಹೋಲುವಷ್ಟು ಚೆನ್ನಾಗಿದೆ ಎಂಬ ಹಿಗ್ಗಿನಲ್ಲಿ ಕುಳ್ಳಯ್ಯ ನಕ್ಕು ಸುಮ್ಮನಾದ. ಹಬ್ಬ ಕಳೆಯಿತು. ಟೇಪಿನ ಅಂಗಡಿ ತೆರೆಯಿತು. ಆಮೇಲೆ ಎಂದುಕೊಂಡದ್ದು ಹಾಗೆಯೇ ಉಳಿಯಿತು.

ಜನ ರೇಡಿಯಂ ಎಂದು ಕರೆಯುವ ಆ ಟೇಪಿಗೂ ರೇಡಿಯಂ ಎಂಬ ಧಾತುವಿಗೂ ಏನೂ ಸಂಬಂಧವಿಲ್ಲ. ಅದರ ಮೈಯಲ್ಲಿ ಬರಿಗಣ್ಣಿಗೆ ಕಾಣದಷ್ಟು ಸಣ್ಣ ಗಾಜಿನ ಮಣಿಗಳಿರುತ್ತವೆ. ಒಂದೊಂದು ಮಣಿಯೂ ತನ್ನ ಮೇಲೆ ಬಿದ್ದ ಬೆಳಕನ್ನು ಅದು ಬಂದ ದಿಕ್ಕಿಗೇ ತಿರುಗಿಸಿ ಕಳಿಸುತ್ತದೆ. ಹಾಗಾಗಿ ಹಿಂದಿನಿಂದ ಬರುವವನ ದೀಪ ಎಷ್ಟೇ ಮಂಕಾಗಿರಲಿ, ಅವನ ಕಣ್ಣಿಗೆ ಪಟ್ಟಿ ದೂರದಿಂದಲೇ ಹೊಳೆಯುತ್ತದೆ. ಬಣ್ಣದ ಗುಣ ಬೇರೆ. ಅದು ಬೆಳಕನ್ನು ಎಲ್ಲ ದಿಕ್ಕಿಗೂ ಚೆಲ್ಲಿಬಿಡುತ್ತದೆ. ನೋಡುವವನ ಪಾಲಿಗೆ ಬರುವುದು ಚೂರು. ಹಗಲಿನಲ್ಲಿ ಎರಡೂ ಒಂದೇ. ಕತ್ತಲಾದ ಮೇಲೆ ಒಂದು ದೀಪ, ಇನ್ನೊಂದು ಗೋಡೆ.

ನವೆಂಬರಿನ ಒಂದು ಸಂಜೆ ಏಳೂವರೆಗೆ, ನಾಲೆಯ ಸೇತುವೆ ದಾಟಿದ ಏರಿನಲ್ಲಿ, ಆಲೆಮನೆಯಿಂದ ಖಾಲಿ ಬರುತ್ತಿದ್ದ ಆ ಟ್ರೈಲರಿಗೆ ಹಿಂದಿನಿಂದ ಒಂದು ಬೈಕು ಗುದ್ದಿತು. ಬೈಕಿನಲ್ಲಿದ್ದವನು ಶ್ರೀರಾಮ್, ಶ್ರೀರಂಗಪಟ್ಟಣದ ಕೋಟೆಯೊಳಗಿನ ಅರ್ಚಕರ ಮನೆಯವನು. ಪಾಂಡವಪುರದ ಒಂದು ಕಚೇರಿಯಲ್ಲಿ ಗುಮಾಸ್ತ. ಬಲತೊಡೆಯ ಮೂಳೆ ಎರಡು ಕಡೆ ಮುರಿಯಿತು. ಅವನ ಹೆಂಡತಿ ಅರ್ಚನ ಕೊಟ್ಟ ದೂರಿನ ಮೇಲೆ ಲೋಕೇಶನ ಮೇಲೆ ಕೇಸಾಯಿತು. ಟ್ರ್ಯಾಕ್ಟರು, ಟ್ರೈಲರು ಎರಡೂ ಮೂವತ್ತೆಂಟು ದಿನ ಠಾಣೆಯ ಹಿಂದೆ ನಿಂತವು. ಟ್ರೈಲರಿಗೆ ಹಿಂಬದಿಯ ದೀಪ ಇರಲಿಲ್ಲ, ಅದರ ವೈರು ಕಿತ್ತು ಎಷ್ಟೋ ವರ್ಷವಾಗಿತ್ತು. 'ರೇಡಿಯಂ ಇತ್ತಲ್ಲ' ಎಂಬುದೇ ಚಿಕ್ಕಸ್ವಾಮಿಯ ಕಡೆಯವರ ಉತ್ತರ. ಫೋಟೋದಲ್ಲೂ ಇತ್ತು. ಜಾಮೀನಿಗೆ ಪಹಣಿ ಇರುವವರು ಬೇಕು ಎಂದಾಗ ಕುಳ್ಳಯ್ಯ ತಾನಾಗಿಯೇ ತನ್ನ ಹದಿನೆಂಟು ಗುಂಟೆಯ ಪಹಣಿ ತೆಗೆದುಕೊಂಡು ಹೋದ. ಸ್ನೇಹಕ್ಕೆಂದು ಎಲ್ಲರೂ ತಿಳಿದರು. ಅವನೂ ಹಾಗೆಯೇ ತಿಳಿಯಲು ನೋಡಿದ.

ಬಿಡಿಸಿಕೊಂಡ ಮೂರನೆಯ ದಿನ ಸಂಜೆ, ಅಂಗಡಿ ಮುಚ್ಚುವ ಹೊತ್ತಿಗೆ ಟ್ರೈಲರು ಎದುರಿಗೇ ಹಾದುಹೋಯಿತು. ಖಾಲಿ ಟ್ರೈಲರು ಗಡಗಡ ಸದ್ದು ಮಾಡುತ್ತ ದೂರ ಹೋಯಿತು, ಬೋರ್ಡು ಮೊದಲು ಬೂದಿಬಣ್ಣವಾಗಿ, ಆಮೇಲೆ ಇಲ್ಲವೇ ಇಲ್ಲ ಎನ್ನುವಂತಾಯಿತು. ಕುಳ್ಳಯ್ಯ ಒಳಗೆ ಹೋಗಿ ಒಂದು ತುಂಡು ತಗಡಿಗೆ ಒಂದು ಬದಿ ಹೊಸ ಟೇಪು ಅಂಟಿಸಿದ, ಇನ್ನೊಂದು ಬದಿ ಅದೇ ಡಬ್ಬಿಯ ಬಣ್ಣ ಬಳಿದ. ಷಟರ್ ಎಳೆದು, ಬ್ಯಾಟರಿಯನ್ನು ಕಣ್ಣಿನ ಪಕ್ಕಕ್ಕೆ ಹಿಡಿದು ಬೆಳಕು ಬಿಟ್ಟ. ಟೇಪು ಉರಿಯಿತು. ಬಣ್ಣ ಅಲ್ಲಿತ್ತೋ ಇಲ್ಲವೋ. ಗೊತ್ತಿಲ್ಲದ್ದನ್ನು ತಿಳಿಯಲೆಂದು ಅವನು ಅದನ್ನು ಮಾಡಿರಲಿಲ್ಲ. ಒಂದು ವೇಳೆ ತಾನು ತಪ್ಪು ತಿಳಿದಿದ್ದರೆ ಎಂಬ ಆಸೆಯಿತ್ತು.

ಮನೆಯಲ್ಲಿ ಊಟಕ್ಕೆ ಕೂತಾಗ ಹೆಂಡತಿ ಪುಟ್ಟತಾಯಮ್ಮ ಮುದ್ದೆ ಇಟ್ಟು ನೋಡಿದಳು. "ವಾರದಿಂದ ನೋಡ್ತಾವ್ನಿ, ಅರ್ಧ ಮುದ್ದೆಗೆ ಕೈ ತೊಳೀತೀರ. ಜ್ವರ ಗಿರ ಬಂದದಾ?"

ಅವನು ಹೇಳಿದ. ಹಬ್ಬದ ದಿನದಿಂದ ಹಿಡಿದು ತಗಡಿನ ತುಂಡಿನವರೆಗೆ, ಬಿಡದೆ. ಅವಳು ಪೂರ್ತಿ ಕೇಳಿ, ಸಾರಿನ ಸೌಟನ್ನು ಪಾತ್ರೆಗೆ ಇಳಿಸಿದಳು.

"ನನ್ ಮುಂದ್ಗಡೆ ಯೋಳ್ತಿದ್ದೀರಲ್ಲ, ನಾನೇನು ಜಡ್ಜಾ?"

"ನಿನ್ಗಲ್ದೆ ಯಾರ್ಗೆ ಯೋಳ್ಳಿ?"

"ಕಾಲು ಮುರ್ಕಂಡೋನ್ಗೆ ಯೋಳಿ. ಗಾಡಿಯೋನ್ಗೆ ಯೋಳಿ. ನನ್ಗೆ ಯೋಳುದ್ರೆ ನಿಮ್ಗೆ ಒಟ್ಟೆ ಅಸಿತದೆ ಅಷ್ಟೆಯಾ."

ಮಾರನೆಯ ಭಾನುವಾರ ಕುಳ್ಳಯ್ಯ ಶ್ರೀರಂಗಪಟ್ಟಣಕ್ಕೆ ಹೋದ. ಕೋಟೆಯ ಒಳಗಿನ ಬೀದಿಯಲ್ಲಿ ಶ್ರೀರಾಮನ ಮನೆ ಸಿಕ್ಕಿತು. ಅವನು ಜಗಲಿಯಲ್ಲಿ ಕಾಲನ್ನು ಇನ್ನೊಂದು ಕುರ್ಚಿಯ ಮೇಲೆ ನೀಡಿ ಕೂತಿದ್ದ, ಪಕ್ಕದಲ್ಲಿ ವಾಕರ್. "ನಾನು ಆ ಗಾಡಿಯೋರ ಕಡೆಯವ್ನು, ನೋಡ್ಕೊಂಡು ಹೋಗಾನ ಅಂತ ಬಂದೆ," ಎಂದ ಕುಳ್ಳಯ್ಯ. ಅದು ಸುಳ್ಳಲ್ಲ.

"ಬನ್ನಿ, ಕೂತ್ಕೊಳ್ಳಿ," ಎಂದ ಶ್ರೀರಾಮ್. ನಲವತ್ತರ ಒಳಗಿನವನು, ತೆಳ್ಳಗೆ. "ನಿಮ್ಮ ಹುಡುಗನ ಮೇಲೆ ನನಗೆ ಕೋಪ ಇಲ್ಲ. ದೂರು ಕೊಟ್ಟಿದ್ದು ಇವಳು, ಆಸ್ಪತ್ರೆಯವರು ಕೇಳಿದರು ಅಂತ. ತಪ್ಪು ನಂದೇ ಇರಬೇಕು."

"ನಿಮ್ದಾ?"

"ಮತ್ತೆ? ಅಷ್ಟು ದೊಡ್ಡ ಪಟ್ಟಿ ಇದೆಯಂತೆ ಫೋಟೋದಲ್ಲಿ. ನನಗೆ ಏನೂ ಕಾಣಲಿಲ್ಲ ಕಣ್ರೀ. ರಸ್ತೆ ಖಾಲಿ ಇತ್ತು, ಆಮೇಲೆ ಆಸ್ಪತ್ರೆ. ಕಣ್ಣು ಸರಿ ಇಲ್ಲವೇನೋ ಅಂತ ಎರಡು ಸಲ ತೋರಿಸಿದೆ. ಸರಿಯಾಗಿದೆ ಅಂದರು."

ಒಳಗಿನಿಂದ ಅರ್ಚನಳ ಧ್ವನಿ ಬಂತು. "ಕಣ್ಣು ಸರಿಯಾಗೇ ಇದೆ. ಫೋನಿನ ಮೇಲೆ ಇತ್ತು ಅಷ್ಟೆ."

"ಫೋನು ಬ್ಯಾಗಲ್ಲಿತ್ತು ಅಂತ ನೂರು ಸಲ ಹೇಳಿದೀನಿ," ಎಂದ ಶ್ರೀರಾಮ್, ಕುಳ್ಳಯ್ಯನ ಕಡೆಗೆ ನಕ್ಕು. "ನಮ್ಮನೇಲಿ ಯಾರೂ ನಂಬಲ್ಲ. ಈಗ ನನಗೂ ಅನುಮಾನ. ಏನೋ ಯೋಚನೆ ಮಾಡ್ತಿದ್ದೆನೇನೋ. ಇನ್ನು ಗಾಡಿ ಮುಟ್ಟಲ್ಲ ಅಂತ ಮಾತು ಕೊಟ್ಟಿದೀನಿ."

ಕುಳ್ಳಯ್ಯನ ಬಾಯಿಗೆ ಮಾತು ಬಂದಿತ್ತು. ಅಷ್ಟರಲ್ಲಿ ಅರ್ಚನ ಕಾಫಿ ತಂದಿಟ್ಟಳು. ಲೋಟ ಹಿಡಿದ ಕೈಗೆ ಬಿಸಿ ತಾಗಿತು. ಕುಡಿದ, ಬರುತ್ತೇನೆ ಎಂದ, ಬೀದಿಗೆ ಇಳಿದ. ಬಸ್ ಸ್ಟ್ಯಾಂಡಿನ ತನಕ ಅವನಿಗೆ ಒಂದೇ ಯೋಚನೆ: ಮುರಿದ ಕಾಲಿಗೆ ಲೋಕೇಶನೋ, ಕತ್ತಲೆಯೋ, ಬಣ್ಣವೋ ಕಾರಣ ಎನ್ನಬಹುದು, ಆದರೆ ಆ ಮನುಷ್ಯ ತನ್ನ ಕಣ್ಣನ್ನೇ ನಂಬದಂತಾದದ್ದಕ್ಕೆ ತನ್ನನ್ನು ಬಿಟ್ಟು ಇನ್ಯಾರೂ ಕಾರಣರಿಲ್ಲ.

ಅಲ್ಲಿಂದ ನೇರವಾಗಿ ಚಿಕ್ಕಸ್ವಾಮಿಯ ಮನೆಗೆ ಹೋದ. ಚಿಕ್ಕಸ್ವಾಮಿ ಹಿತ್ತಿಲಲ್ಲಿ ಪೈಪು ಹಿಡಿದು ಟ್ರ್ಯಾಕ್ಟರಿನ ಚಕ್ರಕ್ಕೆ ನೀರು ಬಿಡುತ್ತಿದ್ದ.

"ಬಾರ್ಲಾ ಪೇಂಟ್ರು. ಸರ್ಯಾಗ್ ಬಂದೆ. ಇಪ್ಪತ್ತೊಂದ್ನೇ ತಾರೀಕು ಕೋರ್ಟದೆ. ಷರತ್ತು ಸಡಿಲ ಮಾಡಿ ಅಂತ ಅರ್ಜಿ ಹಾಕಿಸಿವ್ನಿ. ತಾಲ್ಲೂಕು ದಾಟಂಗಿಲ್ಲ ಅಂದ್ರೆ ಎಂಗ್ಲಾ? ಕೆ.ಆರ್. ಪೇಟೆ ಕಡೆ ಆಲೆಮನೆಯೋರು ದಿನಾ ಫೋನ್ ಮಾಡ್ತಾವ್ರೆ. ಜಾಮೀನುದಾರ ನೀನೂ ಬರ್ಬೇಕಂತೆ."

"ಚಿಕ್ಕಾ, ಆ ಪಟ್ಟಿ ರೇಡಿಯಂ ಅಲ್ಲ ಕಣ್ಲಾ. ಬಣ್ಣ."

"ಯಾವ ಪಟ್ಟಿ?"

"ನಿನ್ ಟ್ರೈಲರ್ದು."

ಚಿಕ್ಕಸ್ವಾಮಿ ನಕ್ಕ. ಆಮೇಲೆ ಪೈಪು ಕೆಳಗೆ ಹಾಕಿ ಟ್ರೈಲರಿನ ಹಿಂದಕ್ಕೆ ಹೋಗಿ ಉಗುರಿನಿಂದ ಕೆರೆದ. ಉಗುರಿನ ಸಂದಿಯಲ್ಲಿ ಕೆಂಪು ಬಂತು. ಅದನ್ನು ನೋಡುತ್ತಲೇ ಕೇಳಿದ: "ಅವತ್ತು ಹೊಸಾ ರೇಡಿಯಂ ಹಾಕಿದ್ದೀಯಲ್ಲಾ ಅಂದಾಗ ಬಾಯ್ತುಂಬ ಏನ್ ಅವಲಕ್ಕಿ ತುಂಬ್ಕಂಡಿದ್ದಾ?"

"ನೀನು ಮೆಚ್ಕಂಡ್ಯಲ್ಲ, ಅದ್ಕೆ ಸುಮ್ಗಾದೆ."

"ಸುಮ್ಗಾದೆ! ಈಗ್ಲೂ ಅಂಗೇ ಸುಮ್ಗಿರು."

"ಹೊಸಾ ಟೇಪಾರ ಅಂಟಿಸ್ಕೊಡ್ತೀನಿ ಕಣ್ಲಾ. ಇವತ್ತೇ."

"ತಲೆ ಕೆಟ್ಟದಾ ನಿನ್ಗೆ? ನಾಲ್ಕನೇ ಷರತ್ತು ಏನ್ ಅಂತದೆ? ಇದ್ದಂಗೇ ಇರ್ಬೇಕು ಅಂತ. ಅದ್ಕೆ ಸಹಿ ಹಾಕಿರೋನು ನೀನೇ. ಹದ್ನೈದು ದಿನಕ್ಕೊಂದ್ ಸಲ ಠಾಣೇಲಿ ಫೋಟೋ ಹಿಡ್ಕಂಡು ತಾಳೆ ನೋಡ್ತಾರೆ. ಹೊಸ್ದು ಕಂಡ್ರೆ ಮೊದ್ಲು ಇರ್ನಿಲ್ವಾ ಅಂತ ಕೇಳಕಿಲ್ವಾ?"

"ಅಂಗಾರೆ ಕತ್ಲಾದ್ ಮ್ಯಾಕೆ ಓಡಿಸ್ಬೇಡ."

"ಆಲೆಮನೇಲಿ ನಮ್ ಸರದಿ ಬರಾದೇ ಸಂಜೆ ಮ್ಯಾಕೆ. ಗೊತ್ತಿಲ್ವಾ?" ಚಿಕ್ಕಸ್ವಾಮಿಯ ಧ್ವನಿ ತಗ್ಗಿತು. "ಕುಳ್ಳಾ, ಲೋಕೇಶ ಸರ್ಕಾರಿ ಬಸ್ ಡ್ರೈವರ್ ಕೆಲ್ಸಕ್ಕೆ ಅರ್ಜಿ ಹಾಕವ್ನೆ. ಕೇಸಲ್ಲಿ ತಪ್ಪು ಅಂತಾದ್ರೆ ಅದು ಹೋಯ್ತು. ಲಾಯರು ಹೇಳವ್ರೆ, ಆ ಪಟ್ಟಿ ಒಂದಿದ್ರೆ ಸಾಕು ನಿಮ್ಮುಡ್ಗ ಪಾರಾಯ್ತನೆ ಅಂತ. ನಿನ್ ಕೈ ಮುಗೀತೀನಿ."

ಐವತ್ತು ವರ್ಷದ ಗೆಳೆಯ ನಿಜವಾಗಿಯೂ ಕೈ ಮುಗಿದ. ಒದ್ದೆ ಕೈ. ಕುಳ್ಳಯ್ಯ ಕೆಳಗೆ ಬಿದ್ದಿದ್ದ ಪೈಪಿನ ನೀರು ನಿಲ್ಲಿಸಿ ಹೊರಟ.

ಇಪ್ಪತ್ತೊಂದನೆಯ ತಾರೀಕಿನವರೆಗೆ ಹನ್ನೊಂದು ದಿನವಿತ್ತು. ಆ ಹನ್ನೊಂದು ಸಂಜೆಯೂ ಅವನು ಅಂಗಡಿ ಮುಚ್ಚದೆ ಕಾದ. ಟ್ರೈಲರು ಹಾದು ಹೋದ ಮೇಲೆ ಹಿಂದೆ ಬರುವ ಪ್ರತಿ ಬೈಕಿನ ಬೆಳಕು ತಿರುವು ದಾಟುವ ತನಕ ನಿಂತಿರುತ್ತಿದ್ದ. ಒಂದು ದಿನ ಒಬ್ಬ ಬೈಕಿನವನನ್ನು ಕೈ ಅಡ್ಡ ಹಾಕಿ ನಿಲ್ಲಿಸಿ, "ಮುಂದ್ಗಡೆ ಟ್ರೈಲರ್ ಹೋಗ್ತದೆ, ನಿಧಾನ," ಅಂದ. "ನಿಮ್ದಾ ಟ್ರೈಲರು?" ಎಂದು ಕೇಳಿದ ಅವನು. "ಅಲ್ಲ." "ಮತ್ತೆ ನಿಮ್ಗೇನು?" ಎಂದು ಹೋದ.

ಅರ್ಜಿಯ ದಿನ ನ್ಯಾಯಾಲಯದಲ್ಲಿ ಜನ ಹೆಚ್ಚಿರಲಿಲ್ಲ. ಚಿಕ್ಕಸ್ವಾಮಿಯ ವಕೀಲರು ಜಯರಾಮಯ್ಯ, ವಯಸ್ಸಾದವರು, ನಿಧಾನವಾಗಿ ಮಾತಾಡುವವರು. ಸುಗ್ಗಿಯ ಕಾಲ, ಕಕ್ಷಿದಾರ ಒಂದು ಷರತ್ತನ್ನೂ ಮುರಿದಿಲ್ಲ, ಫೋಟೋದಲ್ಲಿ ಕಾಣುವಂತೆ ವಾಹನಕ್ಕೆ ಪ್ರತಿಫಲಕ ಪಟ್ಟಿ ಸುಸ್ಥಿತಿಯಲ್ಲಿದೆ, ಅಪಘಾತ ಹಿಂದಿನ ಸವಾರನ ಅಜಾಗರೂಕತೆಯಿಂದ ಆದದ್ದು, ಆದ್ದರಿಂದ ತಾಲ್ಲೂಕಿನ ಮಿತಿ ಮತ್ತು ಹದಿನೈದು ದಿನದ ಹಾಜರಾತಿಯನ್ನು ಸಡಿಲಿಸಬೇಕು ಎಂದರು. ಸರ್ಕಾರದ ಕಡೆಯ ವಕೀಲರು ಎದ್ದು ಆಕ್ಷೇಪವಿದೆ ಎಂದು ಹೇಳಿ ಕೂತರು. ನ್ಯಾಯಾಧೀಶೆ ಕಡತ ತಿರುವಿ ಫೋಟೋ ನೋಡಿ ತಲೆಯೆತ್ತಿದರು.

"ಜಾಮೀನುದಾರರು ಬಂದಿದ್ದಾರಾ? ಷರತ್ತು ಸಡಿಲ ಮಾಡಿದರೆ ಗಾಡಿ ಬೇರೆ ತಾಲ್ಲೂಕಿಗೂ ಹೋಗುತ್ತೆ. ನಿಮ್ಮ ಹೊಣೆ ಹಾಗೇ ಇರುತ್ತೆ. ಒಪ್ಪಿಗೆನಾ?"

"ಒಪ್ಗೆ ಮೇಡಮ್ಮೋರೆ. ಆದ್ರೆ ನಾಲ್ಕನೇದನ್ನೂ ಒಸಿ ಸಡಿಲ ಮಾಡ್ಬೇಕು."

ಜಯರಾಮಯ್ಯ ತಿರುಗಿ ನೋಡಿದರು. "ನಾವು ಅದನ್ನು ಕೇಳಿಲ್ಲ ಸ್ವಾಮಿ."

"ಯಾಕೆ?" ಎಂದರು ನ್ಯಾಯಾಧೀಶೆ, ಕುಳ್ಳಯ್ಯನಿಗೆ.

"ಫೋಟೋದಲ್ಲಿ ಇರಾದು ರೇಡಿಯಂ ಅಲ್ಲ. ಬಣ್ಣ. ಆಯುಧಪೂಜೆಗೆ ನಾನೇ ಬಳ್ದಿದ್ದು. ಇವ್ರಿಗೆ ಗೊತ್ತಿರ್ನಿಲ್ಲ, ರೇಡಿಯಂ ಅಂತ್ಲೇ ತಿಳ್ಕಂಡಿದ್ರು. ನಾನೂ ಅಲ್ಲ ಅನ್ಲಿಲ್ಲ. ಕತ್ಲೇಲಿ ಅದು ಕಾಣಕಿಲ್ಲ. ಆವಯ್ಯ ನೋಡ್ದೆ ಗುದ್ದಿದ್ದಲ್ಲ, ಕಾಣ್ದೆ ಗುದ್ದಿದ್ದು. ಗಾಡಿ ಈಗ್ಲೂ ಸಂಜೆ ಹೊತ್ತು ಅಂಗೇ ಓಡಾಡ್ತದೆ, ಮುಟ್ಟಂಗಿಲ್ಲ ಅಂತ ಷರತ್ತಿರಾದ್ರಿಂದ."

ಚಿಕ್ಕಸ್ವಾಮಿ ನೆಲ ನೋಡುತ್ತಿದ್ದ.

"ಇದನ್ನು ಹೇಳಿದ್ದರಿಂದ ನಿಮಗೂ ತೊಂದರೆ ಆಗಬಹುದು. ಗೊತ್ತಿದೆಯಾ?"

"ಗೊತ್ತದೆ."

"ಪರೀಕ್ಷೆ ಮಾಡೋದು ಹೇಗೆ?"

"ಕತ್ಲೇಲಿ ಬ್ಯಾಟ್ರಿ ಬುಟ್ಟು ನೋಡ್ಬೋದು. ಇಲ್ಲಾ ಬ್ಲೇಡಲ್ಲಿ ಕೆರುದ್ರೆ ಒಳ್ಗೆ ಹಳೇ ಟೇಪು ಸಿಗ್ತದೆ."

ನ್ಯಾಯಾಧೀಶೆ ಏನೋ ಬರೆದುಕೊಂಡರು. ಬರೆಯುತ್ತಲೇ, ದಾರಿಯಲ್ಲಿ ಹೋಗುವಾಗ ಕೇಳುವಂತೆ ಕೇಳಿದರು: "ಬೇರೆ ಗಾಡಿಗಳಿಗೂ ಹೀಗೆ ಬಳಿದಿದ್ದೀರಾ?"

ಕುಳ್ಳಯ್ಯ ಬೆರಳು ಮಡಚಿ ಎಣಿಸತೊಡಗಿದ. ಇಷ್ಟು ದಿನ ಅವನ ಕಣ್ಣ ಮುಂದೆ ಇದ್ದದ್ದು ಒಂದೇ ಬೋರ್ಡು, ಮುರಿದದ್ದು ಒಂದೇ ಕಾಲು. ಚಿಕ್ಕಸ್ವಾಮಿಯ ಟ್ರೈಲರು ನೋಡಿ, ನಮಗೂ ಅಂಥದೇ ಅಂಚು ಬೇಕು ಎಂದು ದೀಪಾವಳಿಯ ಒಳಗೆ ಬಂದವರು ಈಗ ಒಬ್ಬೊಬ್ಬರಾಗಿ ನೆನಪಿಗೆ ಬಂದರು.

"ಮೂರು," ಎಂದ. "ಕೆ.ಆರ್. ಪೇಟೇದೊಂದು, ಹೊಣಕೆರೇದೊಂದು, ಬೆಳಗೊಳದ್ದೊಂದು." ಹತ್ತಿರದಲ್ಲಿದ್ದ ಗುಮಾಸ್ತರು ಈ ಸಲ ಅವನ ಮುಖ ನೋಡಿ ಕುರ್ಚಿ ಸರಿಸಿದರು. ಅವನು ಕೂರಲಿಲ್ಲ.

ಆದೇಶ ಮಧ್ಯಾಹ್ನ ಬಂತು. ತಾಲ್ಲೂಕಿನ ಮಿತಿ ತೆಗೆದಿದ್ದರು. ಹಾಜರಾತಿಯನ್ನು ತಿಂಗಳಿಗೊಮ್ಮೆ ಮಾಡಿದ್ದರು. ನಾಲ್ಕನೇ ಷರತ್ತಿಗೆ ಒಂದು ವಾಕ್ಯ ಸೇರಿತ್ತು: ಪೊಲೀಸರು ಪಂಚರ ಮುಂದೆ ಪಟ್ಟಿಯ ಒಂದು ಭಾಗವನ್ನು ಕೆರೆದು ನೋಡಿ, ಫೋಟೋ ತೆಗೆದು, ಮಹಜರು ಬರೆದ ನಂತರ ಹೊಸ ಪ್ರತಿಫಲಕ ಅಂಟಿಸಬೇಕು, ಅಲ್ಲಿಯವರೆಗೆ ಸೂರ್ಯಾಸ್ತದ ಮೇಲೆ ವಾಹನ ರಸ್ತೆಗೆ ಇಳಿಯಕೂಡದು. ಜಾಮೀನುದಾರನ ಹೇಳಿಕೆಯನ್ನು ತನಿಖಾಧಿಕಾರಿ ದಾಖಲಿಸಬೇಕು.

ಹೊರಗೆ ಹೊಂಗೆಮರದ ಕೆಳಗೆ ಚಿಕ್ಕಸ್ವಾಮಿ ನಿಂತಿದ್ದ. ಕುಳ್ಳಯ್ಯ ಹತ್ತಿರ ಹೋದ.

"ಬೇರೆ ಜಾಮೀನು ನೋಡ್ಕತೀನಿ. ನಿನ್ ಪಹಣಿ ನೀನ್ ತಕಂಡೋಗು," ಎಂದ ಚಿಕ್ಕಸ್ವಾಮಿ. ಬೈಕಿನ ಕಡೆ ತಿರುಗಿ, "ನನ್ಗೆ ಗೊತ್ತಿರ್ನಿಲ್ಲ ಅಂತಂದ್ಯಲ್ಲ. ಹನ್ನೊಂದು ದಿನದಿಂದ ಗೊತ್ತಿತ್ತು ಕಣ್ಲಾ," ಎಂದು ಬೈಕು ಹತ್ತಿದ.

ಪೊಲೀಸರು ಮಾರನೆಯ ದಿನವೇ ಬಂದರು. ಬ್ಲೇಡನ್ನು ಕುಳ್ಳಯ್ಯನ ಕೈಗೇ ಕೊಟ್ಟರು. ಎರಡು ಕೋಟು ಬಣ್ಣದ ಕೆಳಗಿನಿಂದ ಅಂಗೈಯಗಲ ಹಳೆಯ ಟೇಪು ಹೊರಬಂತು. ಲೋಕೇಶ ಒಂದು ಬದಿಗೆ ನಿಂತು ನೋಡಿದ. ಹೊಸ ಟೇಪು ಅಂಟಿಸುವಾಗ ಇನ್ನೊಂದು ತುದಿಯನ್ನು ಹಿಡಿದುಕೊಳ್ಳಲು ಯಾರೂ ಬರಲಿಲ್ಲ. ಕುಳ್ಳಯ್ಯ ಒಬ್ಬನೇ ಅಂಟಿಸಿದ.

ಅಲ್ಲಿಂದ ಶ್ರೀರಂಗಪಟ್ಟಣಕ್ಕೆ ಹೋಗಿ, ಜಗಲಿಯ ಕೆಳಗೆ ನಿಂತುಕೊಂಡೇ ಶ್ರೀರಾಮನಿಗೆ ಎಲ್ಲ ಹೇಳಿದ. ಮುಗಿದ ಮೇಲೆ ಶ್ರೀರಾಮ್ ಒಳಗೆ ಕೂಗಿದ: "ಅರ್ಚನಾ, ಸ್ವಲ್ಪ ಬಾ ಇಲ್ಲಿ. ಇವರು ಹೇಳೋದು ಕೇಳು." ಅವಳು ಬಂದಳು. ಕುಳ್ಳಯ್ಯ ಮತ್ತೊಂದು ಸಲ ಮೊದಲಿನಿಂದ ಹೇಳಬೇಕಾಯಿತು. ಅವಳು ಗಂಡನ ಮುಖ ನೋಡಲಾರದೆ ವಾಕರಿನ ರಬ್ಬರು ಹಿಡಿಯನ್ನು ಸರಿಪಡಿಸುತ್ತ ನಿಂತಳು.

"ಹೋದ ಸಲ ಬಂದಾಗಲೇ ಗೊತ್ತಿತ್ತಾ ನಿಮಗೆ?" ಎಂದು ಕೇಳಿದ ಶ್ರೀರಾಮ್.

"ಗೊತ್ತಿತ್ತು."

"ಕಾಫಿ ಕುಡಿದು ಹೋದಿರಿ."

"ಹೂಂ."

"ಇವತ್ತು ಕಾಫಿ ತಗೊಳ್ಳಿ ಅನ್ನೋಕೆ ಬಾಯಿ ಬರ್ತಿಲ್ಲ. ತಪ್ಪು ತಿಳ್ಕೋಬೇಡಿ."

"ಇಲ್ಲ ಸಾ," ಎಂದ ಕುಳ್ಳಯ್ಯ. ಆ ಮಾತು ಅವನಿಗೆ ಸರಿಯೆನ್ನಿಸಿತು.

ಮೂವರು ಟ್ರೈಲರಿನವರಿಗೂ ಕೋರ್ಟಿನಿಂದ ಬಂದ ಸಂಜೆಯೇ ಫೋನು ಮಾಡಿದ್ದ. ಒಬ್ಬರೂ ಗಂಭೀರವಾಗಿ ತೆಗೆದುಕೊಳ್ಳಲಿಲ್ಲ. ಬೆಳಗೊಳದವನು, "ಬೆಳಿಗ್ಗೆಯೆಲ್ಲ ಗದ್ದೇಲಿರ್ತದೆ. ಐದರ ಮ್ಯಾಕೆ ಬಾ. ಏಳು ಗಂಟ್ಗೆ ಲೋಡಿಗೆ ಬುಡ್ತೀನಿ," ಎಂದಿದ್ದ. ಹಾಗಾಗಿ ಶನಿವಾರ ಬೆಳಗಿನ ಮೊದಲ ಬಸ್ಸಿಗೆ ಕೆ.ಆರ್. ಪೇಟೆಗೆ ಹೋಗಿ, ಅಲ್ಲಿನದನ್ನು ಮುಗಿಸಿ, ಹೊಣಕೆರೆ ಮುಟ್ಟುವಾಗ ಎರಡು ಗಂಟೆ. ಚೀಲದಲ್ಲಿ ಟೇಪಿನ ಸುರುಳಿ, ಥಿನ್ನರ್, ಹಳೇ ಬಟ್ಟೆ, ಕತ್ತರಿ.

ಹೊಣಕೆರೆಯ ಶಂಕರ್ ಟ್ರೈಲರನ್ನು ಶೆಡ್ಡಿನಲ್ಲಿ ನಿಲ್ಲಿಸಿದ್ದ. "ಎಷ್ಟ್ ಚೆನ್ನಾಗದೆ, ಇದ್ನ ಮುಚ್ಚಾಕ್ತೀನಿ ಅಂತೀಯಲ್ಲಣ್ಣೋ. ನಮ್ಮೂರಲ್ಲಿ ಎಲ್ರೂ ಕೇಳವ್ರೆ ಯಾರ್ ಕೈಲಿ ಹಾಕಿಸ್ದೆ ಅಂತ."

ಕುಳ್ಳಯ್ಯ ಶೆಡ್ಡಿನ ಬಾಗಿಲು ಎಳೆದ. ಬೋರ್ಡಿನ ಅರ್ಧಕ್ಕೆ ಹೊಸ ಟೇಪು ಅಂಟಿಸಿ, ಶಂಕರನ ಮೊಬೈಲಿನ ಬೆಳಕನ್ನು ಅವನ ಹಣೆಯ ಪಕ್ಕಕ್ಕೆ ಹಿಡಿಸಿ, ದೂರಕ್ಕೆ ಕರೆದುಕೊಂಡು ಹೋಗಿ ನಿಲ್ಲಿಸಿದ. ಅರ್ಧ ಬೋರ್ಡು ಇತ್ತು. ಅರ್ಧ ಇರಲಿಲ್ಲ.

ಶಂಕರ್ ಬೆಳಕನ್ನು ಎರಡು ಸಲ ಆರಿಸಿ ಹೊತ್ತಿಸಿದ. ಅವನ ತಮಾಷೆ ನಿಂತಿತ್ತು. "ನನ್ ಮಗ್ಳು ದಿವ್ಯ ದಿನಾ ಸಂಜೆ ಟ್ಯೂಷನ್ ಬುಟ್ಟು ಸ್ಕೂಟೀಲಿ ಬತ್ತಾಳೆ," ಎಂದ. "ಎಷ್ಟೋ ದಿನ ಈ ಗಾಡಿ ಹಿಂದ್ಗಡೇನೇ."

ಕುಳ್ಳಯ್ಯ ಉಳಿದರ್ಧವನ್ನು ಥಿನ್ನರಿನಿಂದ ಒರೆಸಿ, ಟೇಪು ಎಳೆದು, ಒಳಗೆ ಗಾಳಿ ಉಳಿಯದಂತೆ ಹೆಬ್ಬೆರಳಿನಿಂದ ಒತ್ತುತ್ತ ಬಂದ. ಹತ್ತು ಹೆಜ್ಜೆ ಹಿಂದೆ ಹೋಗಿ ನೋಡಲಿಲ್ಲ. ಸುರುಳಿಯಲ್ಲಿ ಇನ್ನೊಂದು ಬೋರ್ಡಿಗೆ ಸಾಕಾಗುವಷ್ಟು ಉಳಿದಿತ್ತು.

"ಕೂತ್ಕೊ ಅಣ್ಣ, ಊಟ ಮಾಡ್ಕಂಡು ಹೋಗು. ನಾಲ್ಕೂವರೆಗೆ ಬಸ್ಸದೆ."

ಗಡಿಯಾರ ನೋಡಿದ. ಮೂರೂಮುಕ್ಕಾಲು. ಬೆಳಗೊಳಕ್ಕೆ ಎರಡು ಬಸ್ಸು ಬದಲಾಯಿಸಬೇಕು, ಎಲ್ಲೂ ತಡವಾಗದಿದ್ದರೆ ಎರಡೂವರೆ ಗಂಟೆ. ನಾಲ್ಕೂವರೆ ಅಂದರೆ ಏಳು, ಅವನು ಗಾಡಿಯನ್ನು ಲೋಡಿಗೆ ಬಿಡುವ ಹೊತ್ತು.

"ಬಸ್ಸು ಬ್ಯಾಡ," ಎಂದ ಕುಳ್ಳಯ್ಯ ಚೀಲವನ್ನು ಹೆಗಲಿಗೆ ಹಾಕಿಕೊಳ್ಳುತ್ತ. "ನಿನ್ ಬೈಕಲ್ಲಿ ನಾಗಮಂಗಲದ ತಂಕ ಬುಡ್ತೀಯಾ? ಈಗ್ಲೇ?"

ಶಂಕರ್ ಬೀಗದ ಕೈ ತರಲು ಒಳಗೆ ಓಡಿದ.